ಅಧ್ಯಕ್ಷ ಹಾಸಿಗೆ ಹಿಡಿದರೆ ಅಧಿಕಾರ ಯಾರ ಕೈಗೆ?

1841ರ ಮಾರ್ಚ್ 4. ವಾಷಿಂಗ್ಟನ್‌ನಲ್ಲಿ ಮೈ ಕೊರೆಯುವ ಗಾಳಿ. ವಿಲಿಯಂ ಹೆನ್ರಿ ಹ್ಯಾರಿಸನ್ ಅಮೆರಿಕದ ಒಂಬತ್ತನೇ ಅಧ್ಯಕ್ಷರಾಗಿ ಪ್ರಮಾಣವಚನ ಸ್ವೀಕರಿಸಿದರು. ವಯಸ್ಸು 68. ಮೈಮೇಲೆ ಓವರ್‌ಕೋಟ್ ಇಲ್ಲ, ತಲೆಗೆ ಟೋಪಿ ಇಲ್ಲ. ಭಾಷಣದಲ್ಲಿ ಎಂಟು ಸಾವಿರಕ್ಕೂ ಜಾಸ್ತಿ ಪದಗಳಿದ್ದವು. ಓದಿ ಮುಗಿಸಲು ಹತ್ತಿರ ಹತ್ತಿರ ಎರಡು ಗಂಟೆ ಹಿಡಿಯಿತು. ಅಮೆರಿಕದ ಅಧ್ಯಕ್ಷರು ಪ್ರಮಾಣವಚನದ ದಿನ ಮಾಡಿದ ಭಾಷಣಗಳಲ್ಲಿ ಇವತ್ತಿಗೂ ಅದೇ ಉದ್ದದ್ದು. ಸರಿಯಾಗಿ ಒಂದು ತಿಂಗಳಿಗೆ, ಏಪ್ರಿಲ್ 4ರಂದು, ಹ್ಯಾರಿಸನ್ ತೀರಿಕೊಂಡರು.

ಅತಿ ಕಡಿಮೆ ದಿನ ಅಧ್ಯಕ್ಷರಾಗಿದ್ದವರು ಯಾರು ಅಂತ ಕ್ವಿಜ್‌ನಲ್ಲಿ ಕೇಳಿದರೆ ಅವರ ಹೆಸರೇ ಉತ್ತರ. ಚಳಿಯಲ್ಲಿ ನಿಂತು ಭಾಷಣ ಮಾಡಿ ನ್ಯುಮೋನಿಯಾ ತಂದುಕೊಂಡರು ಅನ್ನುವುದು ಎಲ್ಲರೂ ಹೇಳುವ ಕಾರಣ. ಆದರೆ ಅವರು ಹಾಸಿಗೆ ಹಿಡಿದದ್ದು ಭಾಷಣವಾಗಿ ಸುಮಾರು ಮೂರು ವಾರದ ಮೇಲೆ. ಆಗ ಶ್ವೇತಭವನಕ್ಕೆ ನೀರು ಬರುತ್ತಿದ್ದ ಜಾಗದ ಹತ್ತಿರವೇ ಊರಿನ ಮಲ ತಂದು ಸುರಿಯುತ್ತಿದ್ದರು. ಆ ಕೊಳಕು ನೀರಿನಿಂದ ಟೈಫಾಯ್ಡ್ ತರದ ಜ್ವರ ಬಂದಿರಬಹುದು ಅಂತ ಇತ್ತೀಚಿನ ಕೆಲವು ವೈದ್ಯರು ಹಳೆಯ ದಾಖಲೆ ಓದಿ ಹೇಳಿದ್ದಾರೆ.

ಸಾವಿನ ಕಾರಣಕ್ಕಿಂತ ನನಗೆ ದೊಡ್ಡದಾಗಿ ಕಾಣುವುದು ಅದರ ಮಾರನೇ ದಿನ. ಅಧಿಕಾರದಲ್ಲಿರುವಾಗಲೇ ಅಧ್ಯಕ್ಷರೊಬ್ಬರು ಸತ್ತದ್ದು ಅದೇ ಮೊದಲು. ಮುಂದೆ ಅಧ್ಯಕ್ಷ ಯಾರು ಅಂತ ದೇಶದಲ್ಲಿ ಯಾರಿಗೂ ಖಚಿತವಾಗಿ ಗೊತ್ತಿರಲಿಲ್ಲ. ಕಾನೂನಿನಲ್ಲಿ ಇದಕ್ಕೆ ಸ್ಪಷ್ಟ ಉತ್ತರ ಸಿಗಲು 126 ವರ್ಷ ಬೇಕಾಯಿತು. ಅಮೆರಿಕದ ಅಧ್ಯಕ್ಷರ ಬಗ್ಗೆ ನಾವು ಕೇಳುವ ಎಷ್ಟೋ ಸ್ವಾರಸ್ಯದ ಸಂಗತಿಗಳು ಈ ಒಂದು ಗೊಂದಲದಿಂದಲೇ ಹುಟ್ಟಿದವು. ವಿಹಾರನೌಕೆಯಲ್ಲಿ ಗುಟ್ಟಾಗಿ ನಡೆದ ಆಪರೇಷನ್, ಗಂಡನ ಹೆಸರಲ್ಲಿ ಕಡತ ನೋಡಿದ ಹೆಂಡತಿ, ದೇಶದ ಜನ ಆರಿಸದೆಯೇ ಅಧ್ಯಕ್ಷರಾದವರು, ಎಲ್ಲಕ್ಕೂ ಮೂಲ ಒಂದೇ.

ಏನಿತ್ತು ಗೊಂದಲ? 1787ರಲ್ಲಿ ಬರೆದ ಸಂವಿಧಾನದಲ್ಲಿ ಇದಕ್ಕೆಂದೇ ಒಂದು ವಾಕ್ಯ ಇದೆ. ಅಧ್ಯಕ್ಷನನ್ನು ಅಧಿಕಾರದಿಂದ ತೆಗೆದರೆ, ಅವನು ಸತ್ತರೆ, ರಾಜೀನಾಮೆ ಕೊಟ್ಟರೆ, ಕೆಲಸ ಮಾಡಲು ಅಸಮರ್ಥನಾದರೆ, ‘ಅದು’ ಉಪಾಧ್ಯಕ್ಷನಿಗೆ ಸೇರುತ್ತದೆ ಅಂತ. ಅದು ಅಂದರೆ ಯಾವುದು? ಅಧ್ಯಕ್ಷನ ಸ್ಥಾನವೋ, ಬರೀ ಅಧ್ಯಕ್ಷನ ಕೆಲಸವೋ? ಬಸ್ಸಿನಲ್ಲಿ ಟವೆಲ್ ಹಾಕಿ ಬೇರೆಯವರಿಗೆ ಸೀಟು ಕಾಯುವುದಕ್ಕೂ, ಆ ಸೀಟಿನಲ್ಲಿ ತಾನೇ ಕೂರುವುದಕ್ಕೂ ಎಷ್ಟು ವ್ಯತ್ಯಾಸವೋ ಅಷ್ಟೇ ವ್ಯತ್ಯಾಸ ಇಲ್ಲಿಯೂ ಇದೆ. ಇನ್ನೊಂದು ತೊಡಕು ಕೊನೆಯ ಕಾರಣದ್ದು. ಅಧ್ಯಕ್ಷ ಅಸಮರ್ಥನಾಗಿದ್ದಾನೆ ಅಂತ ತೀರ್ಮಾನಿಸುವವರು ಯಾರು? ಅದನ್ನು ಬರೆದೇ ಇರಲಿಲ್ಲ.

ಕನ್ನಡಿಗರಿಗೆ ಇದು ಬೇಗ ಅರ್ಥವಾಗುತ್ತದೆ. ಯಾಕಂದ್ರೆ ನಮ್ಮವರೇ ಒಬ್ಬರು ಆ ಜಾಗದಲ್ಲಿದ್ದರು. 1977ರ ಫೆಬ್ರವರಿ 11ರಂದು ರಾಷ್ಟ್ರಪತಿ ಫಕ್ರುದ್ದೀನ್ ಅಲಿ ಅಹಮದ್ ತೀರಿಕೊಂಡಾಗ ಉಪರಾಷ್ಟ್ರಪತಿಯಾಗಿದ್ದವರು ಜಮಖಂಡಿ ಕಡೆಯ ಬಿ.ಡಿ. ಜತ್ತಿ. ಅವರು ಹಂಗಾಮಿ ರಾಷ್ಟ್ರಪತಿಯಾದರು. ಜುಲೈನಲ್ಲಿ ನೀಲಂ ಸಂಜೀವ ರೆಡ್ಡಿ ಆಯ್ಕೆಯಾಗಿ ಬಂದಾಗ ಅಧಿಕಾರ ಒಪ್ಪಿಸಿ, ತಮ್ಮ ಹಳೆಯ ಹುದ್ದೆಗೆ ಮರಳಿದರು. ನಮ್ಮ ಸಂವಿಧಾನದಲ್ಲಿ ಇದೆಲ್ಲ ಬಿಡಿಸಿ ಬರೆದಿದೆ. ಉಪರಾಷ್ಟ್ರಪತಿ ಕೆಲಸ ನೋಡಿಕೊಳ್ಳುತ್ತಾರೆ, ಆರು ತಿಂಗಳೊಳಗೆ ಹೊಸ ರಾಷ್ಟ್ರಪತಿಯ ಆಯ್ಕೆ ಆಗಬೇಕು. ಅಮೆರಿಕದಲ್ಲಿ ಹೀಗೆ ಬರೆದಿರಲಿಲ್ಲ.

ಹ್ಯಾರಿಸನ್ ಅವರ ಉಪಾಧ್ಯಕ್ಷ ಜಾನ್ ಟೈಲರ್ ಆಗ ವರ್ಜೀನಿಯಾದ ವಿಲಿಯಮ್ಸ್‌ಬರ್ಗ್‌ನಲ್ಲಿ ಮನೆಯಲ್ಲಿದ್ದರು. ವಿದೇಶಾಂಗ ಸಚಿವ ಡೇನಿಯಲ್ ವೆಬ್‌ಸ್ಟರ್ ಅವರ ಮಗ ಸುದ್ದಿ ಹೊತ್ತು ಬಂದು ಬೆಳಗಿನ ಜಾವ ಬಾಗಿಲು ತಟ್ಟಿದ. ಟೈಲರ್ ತಕ್ಷಣ ಹೊರಟರು. ಏಪ್ರಿಲ್ 6ರಂದು ವಾಷಿಂಗ್ಟನ್‌ನ ಒಂದು ಹೋಟೆಲಿನಲ್ಲಿ ಅಧ್ಯಕ್ಷರಾಗಿ ಪ್ರಮಾಣವಚನ ತೆಗೆದುಕೊಂಡೇಬಿಟ್ಟರು. ತಾನು ಹಂಗಾಮಿ ಅಲ್ಲ, ಪೂರ್ತಿ ಅಧ್ಯಕ್ಷ ಅನ್ನುವುದು ಅವರ ಹಟ. ಮಾಜಿ ಅಧ್ಯಕ್ಷ ಜಾನ್ ಕ್ವಿನ್ಸಿ ಆಡಮ್ಸ್ ಅವರಿಗೆ ಇದು ಸರಿ ಕಾಣಲಿಲ್ಲ. ಸಂವಿಧಾನ ಹೀಗೆ ಹೇಳುವುದಿಲ್ಲ ಅಂತ ಡೈರಿಯಲ್ಲಿ ಬರೆದುಕೊಂಡರು. ಎದುರಾಳಿಗಳು ಆಕಸ್ಮಿಕದಿಂದ ಬಂದವರು ಅಂತ ಹಂಗಿಸಿದರು. ‘ಹಂಗಾಮಿ ಅಧ್ಯಕ್ಷರಿಗೆ’ ಅಂತ ವಿಳಾಸ ಬರೆದ ಪತ್ರ ಬಂದರೆ ಟೈಲರ್ ಅದನ್ನು ಒಡೆಯದೆ ವಾಪಸ್ ಕಳಿಸುತ್ತಿದ್ದರಂತೆ. ಕೊನೆಗೆ ಸಂಸತ್ತಿನ ಎರಡೂ ಸದನಗಳು ಅವರನ್ನು ಅಧ್ಯಕ್ಷ ಅಂತಲೇ ಕರೆಯುವ ಠರಾವು ಮಾಡಿದವು.

ಟೈಲರ್ ಕಷ್ಟ ಅಲ್ಲಿಗೆ ಮುಗಿಯಲಿಲ್ಲ. ತಮ್ಮದೇ ವಿಗ್ ಪಕ್ಷ ತಂದ ಬ್ಯಾಂಕ್ ಮಸೂದೆಗಳನ್ನು ತಡೆದರು. ಅದೇ ಸೆಪ್ಟೆಂಬರ್‌ನಲ್ಲಿ ವೆಬ್‌ಸ್ಟರ್ ಒಬ್ಬರನ್ನು ಬಿಟ್ಟು ಇಡೀ ಸಂಪುಟ ರಾಜೀನಾಮೆ ಕೊಟ್ಟಿತು, ಪಕ್ಷ ಅವರನ್ನು ಹೊರಹಾಕಿತು. ಇಷ್ಟಾದರೂ ಅಧ್ಯಕ್ಷ ಸ್ಥಾನ ಬಿಡಲಿಲ್ಲ. ಅಂದಹಾಗೆ, ಟೈಲರ್ ಅವರಿಗೆ 15 ಮಕ್ಕಳು. ಬೇರೆ ಯಾವ ಅಧ್ಯಕ್ಷರಿಗೂ ಅಷ್ಟು ಮಕ್ಕಳಿಲ್ಲ. ಮುಪ್ಪಿನಲ್ಲಿ ಹುಟ್ಟಿದ ಮಗನಿಗೆ ಮುಪ್ಪಿನಲ್ಲೇ ಮಕ್ಕಳಾದ ಕಾರಣ, 1790ರಲ್ಲಿ ಹುಟ್ಟಿದ ಈ ಮನುಷ್ಯನ ಸ್ವಂತ ಮೊಮ್ಮಗ 2025ರವರೆಗೂ ಬದುಕಿದ್ದರು!

ಮುಂದೆ 1850ರಲ್ಲಿ ಜಕಾರಿ ಟೇಲರ್ ಕಾಯಿಲೆಯಿಂದ ಸತ್ತಾಗ ಫಿಲ್ಮೋರ್, 1865ರಲ್ಲಿ ಲಿಂಕನ್ ಹತ್ಯೆಯಾದಾಗ ಆಂಡ್ರ್ಯೂ ಜಾನ್ಸನ್, ಇಬ್ಬರೂ ಟೈಲರ್ ತುಳಿದ ದಾರಿಯಲ್ಲೇ ಅಧ್ಯಕ್ಷರಾದರು. ಸಾವಿನ ಮಟ್ಟಿಗೆ ಪದ್ಧತಿ ಗಟ್ಟಿಯಾಯಿತು.

ಆದರೆ ಈ ಪದ್ಧತಿಯೊಳಗೇ ಒಂದು ಅಪಾಯ ಇತ್ತು. ಸಂವಿಧಾನದ ಆ ವಾಕ್ಯ ಸಾವನ್ನೂ ಕಾಯಿಲೆಯನ್ನೂ ಒಟ್ಟಿಗೇ ಹೇಳುತ್ತದೆ. ಸತ್ತಾಗ ಉಪಾಧ್ಯಕ್ಷ ಪೂರ್ತಿ ಅಧ್ಯಕ್ಷನಾಗುತ್ತಾನೆ ಅಂದರೆ, ಕಾಯಿಲೆ ಬಿದ್ದಾಗಲೂ ಹಾಗೇ ಆಗಬೇಕಲ್ವಾ? ಆಮೇಲೆ ಹಳಬರು ಗುಣವಾಗಿ ಎದ್ದು ಬಂದರೆ? ಒಂದು ದೇಶಕ್ಕೆ ಇಬ್ಬರು ಅಧ್ಯಕ್ಷರು ಇರಲಾರರು. ಕಾಯಿಲೆಯವರು ಸ್ಥಾನ ಕಳೆದುಕೊಂಡಂತೆಯೇ. ಹಾಗಾಗಿ ಉಪಾಧ್ಯಕ್ಷರು ಮುಂದೆ ಬರಲು ಹೆದರಿದರು, ಅಧ್ಯಕ್ಷರು ಕಾಯಿಲೆ ಮುಚ್ಚಿಡಲು ಶುರು ಮಾಡಿದರು.

1881ರ ಬೇಸಿಗೆಯಲ್ಲಿ ಇದು ಕಣ್ಣೆದುರಿಗೆ ಬಂತು. ಜೇಮ್ಸ್ ಗಾರ್‌ಫೀಲ್ಡ್ ಅಧ್ಯಕ್ಷರಾಗಿ ಆಗಿನ್ನೂ ನಾಲ್ಕು ತಿಂಗಳು. ಜುಲೈ 2ರಂದು ವಾಷಿಂಗ್ಟನ್‌ನ ರೈಲು ನಿಲ್ದಾಣದಲ್ಲಿ ಚಾರ್ಲ್ಸ್ ಗಿಟೋ ಅನ್ನುವವನು ಹಿಂದಿನಿಂದ ಗುಂಡು ಹಾರಿಸಿದ. ಗುಂಡು ಮುಖ್ಯ ಅಂಗಗಳಿಗೆ ತಗುಲಿರಲಿಲ್ಲ. ಅದನ್ನು ಹುಡುಕಿದ ಬೆರಳುಗಳೇ ಹೆಚ್ಚು ಹಾನಿ ಮಾಡಿದವು. ಡಾಕ್ಟರ್‌ಗಳು ಒಬ್ಬರಾದ ಮೇಲೆ ಒಬ್ಬರು ಕೈ ತೊಳೆಯದೆ ಗಾಯದೊಳಗೆ ಬೆರಳು ಹಾಕಿ ತಡಕಿದರು. ರೋಗಾಣುಗಳಿಂದ ನಂಜಾಗುತ್ತದೆ ಅನ್ನುವುದು ಯುರೋಪಿನಲ್ಲಿ ಆಗಲೇ ಒಪ್ಪಿತವಾಗುತ್ತಿತ್ತು, ಅಮೆರಿಕದ ಬಹಳ ವೈದ್ಯರು ಇನ್ನೂ ನಂಬಿರಲಿಲ್ಲ. ಟೆಲಿಫೋನ್ ಕಂಡುಹಿಡಿದ ಅಲೆಕ್ಸಾಂಡರ್ ಗ್ರಹಾಂ ಬೆಲ್ ಗುಂಡು ಎಲ್ಲಿದೆ ಅಂತ ಪತ್ತೆ ಮಾಡಲು ಒಂದು ಲೋಹಶೋಧಕ ತಯಾರಿಸಿ ತಂದರು. ಮುಖ್ಯ ವೈದ್ಯ ವಿಲ್ಲರ್ಡ್ ಬ್ಲಿಸ್ ದೇಹದ ಬಲಭಾಗದಲ್ಲಿ ಮಾತ್ರ ಹುಡುಕಲು ಬಿಟ್ಟರು. ಹಾಸಿಗೆಯಲ್ಲಿದ್ದ ಲೋಹದ ಸ್ಪ್ರಿಂಗುಗಳೂ ಯಂತ್ರವನ್ನು ದಾರಿ ತಪ್ಪಿಸಿದವು. ಗುಂಡು ಇದ್ದದ್ದು ಎಡಕ್ಕೆ. ಸೆಖೆ ತಾಳಲಾರದ ರೋಗಿಗಾಗಿ ನೌಕಾಪಡೆಯ ಇಂಜಿನಿಯರ್‌ಗಳು ಐಸ್ ನೀರಿನ ಮೇಲೆ ಗಾಳಿ ಹಾಯಿಸಿ ಕೋಣೆ ತಂಪು ಮಾಡುವ ಯಂತ್ರ ಕಟ್ಟಿಕೊಟ್ಟರು. ಇವತ್ತಿನ ಏಸಿಯ ಪೂರ್ವಜ ಅಂತ ಅದನ್ನು ಕರೆಯಬಹುದು.

ಗಾರ್‌ಫೀಲ್ಡ್ 79 ದಿನ ನರಳಿದರು. ಅಷ್ಟೂ ದಿನದಲ್ಲಿ ಅವರು ಸಹಿ ಹಾಕಿದ ಸರ್ಕಾರಿ ಕಾಗದ ಒಂದೇ ಒಂದು. ಉಪಾಧ್ಯಕ್ಷ ಚೆಸ್ಟರ್ ಆರ್ಥರ್ ಕೆಲಸ ವಹಿಸಿಕೊಳ್ಳಬೇಕೇ ಅಂತ ಸಂಪುಟ ಕೂತು ಚರ್ಚಿಸಿತು. ಹಾಗೆ ಮಾಡಿದರೆ ಗಾರ್‌ಫೀಲ್ಡ್ ಮತ್ತೆಂದೂ ಅಧ್ಯಕ್ಷರಾಗಲಾರರು ಅಂತ ಹಲವು ಸಚಿವರಿಗೆ ಅನ್ನಿಸಿತು. ಆರ್ಥರ್‌ಗೂ ಬೇಡವಾಗಿತ್ತು. ಕಾರಣ, ಗುಂಡು ಹಾರಿಸಿದವನು ಹಿಡಿದ ತಕ್ಷಣ ಹೇಳಿದ್ದೇ ಇನ್ನು ಆರ್ಥರ್ ಅಧ್ಯಕ್ಷ ಅಂತ. ಅಂಥ ಹೊತ್ತಿನಲ್ಲಿ ಅವರು ವಾಷಿಂಗ್ಟನ್‌ಗೆ ಬಂದು ಕೂತರೆ ಜನ ಏನಂದುಕೊಂಡಾರು? ನ್ಯೂಯಾರ್ಕಿನ ಮನೆಯಲ್ಲೇ ಉಳಿದರು. ಎರಡೂವರೆ ತಿಂಗಳು ದೇಶಕ್ಕೆ ಕೆಲಸ ಮಾಡುವ ಅಧ್ಯಕ್ಷರೇ ಇರಲಿಲ್ಲ.

ಸೆಪ್ಟೆಂಬರ್ 19ರ ರಾತ್ರಿ ಗಾರ್‌ಫೀಲ್ಡ್ ಸತ್ತರು. ನಡುರಾತ್ರಿ ದಾಟಿ ಎರಡು ಗಂಟೆಯ ಮೇಲೆ, ಲೆಕ್ಸಿಂಗ್ಟನ್ ಅವೆನ್ಯೂದ 123ನೇ ನಂಬರಿನ ತಮ್ಮ ಮನೆಯಲ್ಲಿ ಆರ್ಥರ್ ಪ್ರಮಾಣವಚನ ತೆಗೆದುಕೊಂಡರು. ನ್ಯೂಯಾರ್ಕಿನಲ್ಲಿರುವ ಕನ್ನಡಿಗರಲ್ಲಿ ಎಷ್ಟೋ ಜನ ಆ ಕಟ್ಟಡದೊಳಗೆ ಹೋಗಿ ಬಂದಿರಬಹುದು. ಅಲ್ಲಿ ಈಗ ಕಲುಸ್ತ್ಯಾನ್ಸ್ ಅನ್ನುವ ದಿನಸಿ ಅಂಗಡಿ ಇದೆ. ಬೇಳೆ, ಮಸಾಲೆ, ಉಪ್ಪಿನಕಾಯಿ ಎಲ್ಲ ಸಿಗುತ್ತದೆ. ಸುತ್ತಲಿನ ಬೀದಿಗಳಲ್ಲಿ ದೋಸೆ ಹೋಟೆಲುಗಳು. ಆ ಪ್ರದೇಶವನ್ನು ಜನ ಕರಿ ಹಿಲ್ ಅಂತಲೇ ಕರೆಯುತ್ತಾರೆ.

ಆ ರಾತ್ರಿ ಇನ್ನೊಂದು ಭಯವೂ ಇತ್ತು. ಆರ್ಥರ್‌ಗೇ ಏನಾದರೂ ಆಗಿದ್ದರೆ ಮುಂದೆ ಯಾರೂ ಇರಲಿಲ್ಲ. ಹೊಸ ಜನಪ್ರತಿನಿಧಿ ಸಭೆ ಇನ್ನೂ ಸೇರಿರಲಿಲ್ಲವಾದ್ದರಿಂದ ಸ್ಪೀಕರ್ ಇಲ್ಲ. ಸೆನೆಟ್ ತನ್ನ ಹಂಗಾಮಿ ಸಭಾಪತಿಯನ್ನು ಆರಿಸದೆ ಎದ್ದುಹೋಗಿತ್ತು. ಆರ್ಥರ್ ಸೆನೆಟ್ ಸಭೆ ಕರೆಯುವ ಆದೇಶವೊಂದನ್ನು ಬರೆದು ಶ್ವೇತಭವನದ ವಿಳಾಸಕ್ಕೆ ಅಂಚೆಗೆ ಹಾಕಿ ರೈಲು ಹತ್ತಿದರು. ದಾರಿಯಲ್ಲಿ ತಾನು ಸತ್ತರೂ ಸರ್ಕಾರ ನಿಲ್ಲಬಾರದು ಅನ್ನುವ ಕಾಳಜಿ. ಇದಾದ ಐದು ವರ್ಷಕ್ಕೆ, 1886ರಲ್ಲಿ, ಉಪಾಧ್ಯಕ್ಷರ ನಂತರ ಸಂಪುಟದ ಸಚಿವರು ಸಾಲಾಗಿ ಬರುತ್ತಾರೆ ಅನ್ನುವ ಕಾನೂನು ಆಯಿತು. ಆದರೆ ಕಾಯಿಲೆಯ ಪ್ರಶ್ನೆಯನ್ನು ಯಾರೂ ಮುಟ್ಟಲಿಲ್ಲ.

ಅದರ ಫಲವೇ 1893ರ ಆಪರೇಷನ್. ಗ್ರೋವರ್ ಕ್ಲೀವ್‌ಲ್ಯಾಂಡ್ ಅವರ ಬಾಯಿಯ ಮೇಲ್ಭಾಗದಲ್ಲಿ ಕ್ಯಾನ್ಸರ್ ಗಡ್ಡೆ ಕಾಣಿಸಿತು. ಆಗ ಬ್ಯಾಂಕುಗಳು ಮುಳುಗುತ್ತಿದ್ದವು. ನಾಣ್ಯಕ್ಕೆ ಚಿನ್ನವೋ ಬೆಳ್ಳಿಯೋ ಅಂತ ದೇಶ ಎರಡು ಭಾಗವಾಗಿತ್ತು. ಅಧ್ಯಕ್ಷರು ಚಿನ್ನದ ಕಡೆ, ಉಪಾಧ್ಯಕ್ಷ ಅಡ್ಲಾಯ್ ಸ್ಟೀವನ್‌ಸನ್ ಬೆಳ್ಳಿಯ ಕಡೆ. ಕಾಯಿಲೆ ಗೊತ್ತಾದರೆ ಮಾರುಕಟ್ಟೆ ಕುಸಿಯುತ್ತದೆ ಅನ್ನುವ ಹೆದರಿಕೆ. ಜುಲೈ 1ರಂದು ಗೆಳೆಯರೊಬ್ಬರ ಒನೈಡಾ ಅನ್ನುವ ವಿಹಾರನೌಕೆಯಲ್ಲಿ, ನ್ಯೂಯಾರ್ಕಿನ ಹತ್ತಿರ ಅದು ಚಲಿಸುತ್ತಿರುವಾಗಲೇ, ವೈದ್ಯರು ಮೇಲಿನ ಎಡ ದವಡೆಯ ದೊಡ್ಡ ಭಾಗವನ್ನೇ ತೆಗೆದರು. ಎಲ್ಲವನ್ನೂ ಬಾಯಿಯ ಒಳಗಿನಿಂದಲೇ ಮಾಡಿದ್ದರಿಂದ ಮುಖದ ಮೇಲೆ ಗಾಯವಿಲ್ಲ. ಅವರ ದಪ್ಪ ಮೀಸೆಯೂ ಹಾಗೇ ಉಳಿಯಿತು. ತೆಗೆದ ಜಾಗಕ್ಕೆ ರಬ್ಬರಿನ ದವಡೆ ಕೂರಿಸಿದರು. ಅದನ್ನು ಹಾಕಿಕೊಂಡರೆ ಮಾತು ಮೊದಲಿನ ಹಾಗೇ ಕೇಳಿಸುತ್ತಿತ್ತು. ಉಪಾಧ್ಯಕ್ಷರಿಗೆ ಒಂದು ಮಾತೂ ಹೇಳಲಿಲ್ಲ.

ಎಡ್ವರ್ಡ್ಸ್ ಅನ್ನುವ ಪತ್ರಕರ್ತ ಆಗಸ್ಟ್ ಕೊನೆಯಲ್ಲಿ ಫಿಲಡೆಲ್ಫಿಯಾದ ಪತ್ರಿಕೆಯಲ್ಲಿ ಎಲ್ಲವನ್ನೂ ಬರೆದರು. ಶ್ವೇತಭವನದ ಕಡೆಯವರು ಬರೀ ಹಲ್ಲು ನೋವು ಅಂದರು. ಜನ ಅಧ್ಯಕ್ಷರನ್ನು ನಂಬಿದರು, ಪತ್ರಕರ್ತನನ್ನು ಸುಳ್ಳುಗಾರ ಅಂದರು. ಆಪರೇಷನ್ ಮಾಡಿದವರಲ್ಲಿ ಒಬ್ಬರಾದ ಡಾ. ಕೀನ್ 1917ರಲ್ಲಿ ನಿಜ ಬರೆದ ಮೇಲೆಯೇ ಎಡ್ವರ್ಡ್ಸ್ ಮೇಲಿನ ಕಳಂಕ ಹೋದದ್ದು. ಅಷ್ಟೊತ್ತಿಗೆ ಕ್ಲೀವ್‌ಲ್ಯಾಂಡ್ ತೀರಿಕೊಂಡು ಒಂಬತ್ತು ವರ್ಷವಾಗಿತ್ತು. ಸರಿಯಾದ ಸುದ್ದಿ ಬರೆದು 24 ವರ್ಷ ಸುಳ್ಳುಗಾರ ಅನ್ನಿಸಿಕೊಂಡ ಆ ಪತ್ರಕರ್ತನ ಬಗ್ಗೆ ಓದಿದಾಗೆಲ್ಲ ನನಗೆ ಬೇಜಾರಾಗುತ್ತದೆ.

ಇದಕ್ಕಿಂತ ಗಂಭೀರವಾದದ್ದು ವುಡ್ರೊ ವಿಲ್ಸನ್ ಅವರದು. 1919ರ ಅಕ್ಟೋಬರ್ 2ರಂದು ಅವರಿಗೆ ಲಕ್ವ ಹೊಡೆಯಿತು. ಮೈಯ ಎಡಭಾಗ ಬಿದ್ದುಹೋಯಿತು. ಅವಧಿ ಮುಗಿಯಲು ಇನ್ನೂ 17 ತಿಂಗಳು ಇತ್ತು. ಹೆಂಡತಿ ಈಡಿತ್ ವಿಲ್ಸನ್ ಮತ್ತು ವೈದ್ಯ ಗ್ರೇಸನ್ ಸೇರಿ ವಿಷಯ ಮುಚ್ಚಿಟ್ಟರು. ಸಚಿವರು ಕಳಿಸಿದ ಕಡತಗಳನ್ನು ಈಡಿತ್ ಮೊದಲು ನೋಡಿ, ಯಾವುದು ಗಂಡನವರೆಗೆ ಹೋಗಬೇಕು ಅಂತ ಆರಿಸುತ್ತಿದ್ದರು. ಉತ್ತರಗಳು ಅವರ ಕೈಬರಹದಲ್ಲಿ ಬರುತ್ತಿದ್ದವು. ತೀರ್ಮಾನ ತನ್ನದಲ್ಲ, ಯಾವುದನ್ನು ಯಾವಾಗ ತೋರಿಸಬೇಕು ಅನ್ನುವುದು ಮಾತ್ರ ತನ್ನದು ಅಂತ ಆಕೆ ಆಮೇಲೆ ಬರೆದರು. ದೇಶ ನಡೆಸುವವರ ಕಣ್ಣಿಗೆ ಯಾವ ಕಾಗದ ಬೀಳಬೇಕು ಅಂತ ನಿರ್ಧರಿಸುವುದೇ ದೊಡ್ಡ ಅಧಿಕಾರ ಅಂತ ನನ್ನ ಅಭಿಪ್ರಾಯ.

ಡಿಸೆಂಬರ್‌ನಲ್ಲಿ ಇಬ್ಬರು ಸೆನೆಟರ್‌ಗಳು ನೋಡಲು ಬಂದರು. ಅದರಲ್ಲಿ ಒಬ್ಬರು, ಆಲ್ಬರ್ಟ್ ಫಾಲ್, ವಿರೋಧಿ. ಅಧ್ಯಕ್ಷರ ಬುದ್ಧಿ ಸರಿ ಇದೆಯೇ ಅಂತ ತಿಳಿಯುವುದೇ ಉದ್ದೇಶ. ವಿಲ್ಸನ್ ಅವರನ್ನು ನೆರಳಿರುವ ಕಡೆ ಮಲಗಿಸಿ, ಬಿದ್ದುಹೋದ ಎಡಗೈ ಮೇಲೆ ಹೊದಿಕೆ ಹೊದಿಸಿದ್ದರು. ನಿಮಗಾಗಿ ಪ್ರಾರ್ಥಿಸುತ್ತಿದ್ದೇವೆ ಅಂತ ಫಾಲ್ ಅಂದಾಗ, ಯಾವ ಕಡೆಗೆ, ನನ್ನ ಪರವೋ ವಿರುದ್ಧವೋ ಅಂತ ವಿಲ್ಸನ್ ಕೇಳಿದರಂತೆ. ಬುದ್ಧಿ ಚುರುಕಾಗಿಯೇ ಇದೆ ಅಂತ ಬಂದವರು ಹೊರಗೆ ಹೇಳಿದರು, ಅನುಮಾನ ಅಲ್ಲಿಗೆ ತಣ್ಣಗಾಯಿತು. ಉಪಾಧ್ಯಕ್ಷ ಥಾಮಸ್ ಮಾರ್ಷಲ್ ಮಧ್ಯೆ ಬರಲು ಒಪ್ಪಲಿಲ್ಲ. ವಿದೇಶಾಂಗ ಸಚಿವ ಲ್ಯಾನ್ಸಿಂಗ್ ತಾವಾಗಿಯೇ ಸಂಪುಟ ಸಭೆ ಕರೆದಿದ್ದಕ್ಕೆ ಕೆಲಸ ಕಳೆದುಕೊಂಡರು. ಇದೇ ತಿಂಗಳುಗಳಲ್ಲಿ, ಮೊದಲ ಮಹಾಯುದ್ಧ ಮುಗಿಸಲು ಮಾಡಿಕೊಂಡ ವರ್ಸೇಲ್ಸ್ ಒಪ್ಪಂದವನ್ನು ಸೆನೆಟ್ ತಿರಸ್ಕರಿಸಿತು. ವಿಲ್ಸನ್ ಕನಸು ಕಂಡಿದ್ದ ಲೀಗ್ ಆಫ್ ನೇಷನ್ಸ್‌ಗೆ ಅಮೆರಿಕ ಸೇರಲೇ ಇಲ್ಲ.

1923ರಲ್ಲಿ ಅಧ್ಯಕ್ಷ ಹಾರ್ಡಿಂಗ್ ಸತ್ತ ಸುದ್ದಿ ವರ್ಮಾಂಟ್‌ನ ಹಳ್ಳಿ ಮನೆಗೆ ತಲುಪಿದಾಗ, ಉಪಾಧ್ಯಕ್ಷ ಕೂಲಿಜ್ ಅವರಿಗೆ ರಾತ್ರಿ 2:47ಕ್ಕೆ ಸೀಮೆಎಣ್ಣೆ ದೀಪದ ಬೆಳಕಿನಲ್ಲಿ ಪ್ರಮಾಣವಚನ ಬೋಧಿಸಿದ್ದು ಅವರ ಅಪ್ಪ. ಅವರು ಊರಿನ ನೋಟರಿ. ಸಾವಾದರೆ ಹೀಗೆ ಸಲೀಸಾಗಿ ನಡೆಯುತ್ತಿತ್ತು. ಆದರೆ ಉಪಾಧ್ಯಕ್ಷ ಮೇಲೇರಿದ ಮೇಲೆ ಅವರ ಜಾಗ ಮುಂದಿನ ಚುನಾವಣೆವರೆಗೆ ಖಾಲಿಯೇ. ತುಂಬಲು ದಾರಿಯೇ ಇರಲಿಲ್ಲ. 1945ರಲ್ಲಿ ರೂಸ್‌ವೆಲ್ಟ್ ಸತ್ತ ಮೇಲೆ ಟ್ರೂಮನ್ ಹತ್ತಿರ ಹತ್ತಿರ ನಾಲ್ಕು ವರ್ಷ ಉಪಾಧ್ಯಕ್ಷರಿಲ್ಲದೆ ಆಡಳಿತ ಮಾಡಿದರು. 1967ಕ್ಕೆ ಮುಂಚೆ ಆ ಸ್ಥಾನ 16 ಸಲ ಖಾಲಿಯಾಗಿತ್ತು, ಎಲ್ಲ ಕೂಡಿಸಿದರೆ 37 ವರ್ಷಕ್ಕೂ ಜಾಸ್ತಿ.

ಕೆನಡಿ ಹತ್ಯೆ ಎಲ್ಲರನ್ನೂ ಎಚ್ಚರಿಸಿತು. 1963ರ ನವೆಂಬರ್ 22ರಂದು ಡಲ್ಲಾಸ್‌ನಲ್ಲಿ, ಹೊರಡಲು ಸಿದ್ಧವಾಗಿದ್ದ ವಿಮಾನದೊಳಗೆ ಲಿಂಡನ್ ಜಾನ್ಸನ್ ಅಧ್ಯಕ್ಷರಾದರು. ಪ್ರಮಾಣವಚನ ಬೋಧಿಸಿದ ಸಾರಾ ಹ್ಯೂಸ್ ಆ ಕೆಲಸ ಮಾಡಿದ ಮೊದಲ ಮಹಿಳೆ. ಜಾನ್ಸನ್‌ಗೆ 1955ರಲ್ಲೇ ಹೃದಯಾಘಾತವಾಗಿತ್ತು. ಐದು ದಿನದ ನಂತರ ಅವರು ಸಂಸತ್ತಿನಲ್ಲಿ ಮಾತಾಡುವಾಗ ಹಿಂದೆ ಕೂತಿದ್ದವರು ಸ್ಪೀಕರ್ ಮೆಕಾರ್ಮಕ್ ಮತ್ತು ಸೆನೆಟ್‌ನ ಹಂಗಾಮಿ ಸಭಾಪತಿ ಕಾರ್ಲ್ ಹೇಡನ್. 1947ರಲ್ಲಿ ಬದಲಾದ ಕಾನೂನಿನ ಪ್ರಕಾರ ಮುಂದಿನ ಸಾಲು ಅವರದೇ. ಒಬ್ಬರಿಗೆ 71, ಇನ್ನೊಬ್ಬರಿಗೆ 86. ಅಣ್ವಸ್ತ್ರಗಳ ಕಾಲದಲ್ಲಿ ಟಿವಿಯಲ್ಲಿ ಇದನ್ನು ನೋಡಿದ ಜನರಿಗೆ ದಿಗಿಲಾಯಿತು. ಸೆನೆಟರ್ ಬರ್ಚ್ ಬೈ ಮುಂದೆ ನಿಂತು ತಿದ್ದುಪಡಿ ಬರೆಸಿದರು. 1965ರಲ್ಲಿ ಸಂಸತ್ತು ಒಪ್ಪಿತು. 1967ರ ಫೆಬ್ರವರಿ 10ರ ಹೊತ್ತಿಗೆ ಬೇಕಾದಷ್ಟು ರಾಜ್ಯಗಳೂ ಒಪ್ಪಿದವು. ಇದೇ 25ನೇ ತಿದ್ದುಪಡಿ.

ಅದರಲ್ಲಿ ನಾಲ್ಕು ಭಾಗ ಇದೆ. ಮೊದಲನೆಯದು ಟೈಲರ್ ಹಟಕ್ಕೆ ಸಿಕ್ಕ ಒಪ್ಪಿಗೆ: ಅಧ್ಯಕ್ಷ ಸತ್ತರೆ ಅಥವಾ ಸ್ಥಾನ ಬಿಟ್ಟರೆ ಉಪಾಧ್ಯಕ್ಷರು ಅಧ್ಯಕ್ಷರೇ ಆಗುತ್ತಾರೆ. ಎರಡನೆಯದು, ಉಪಾಧ್ಯಕ್ಷರ ಜಾಗ ಖಾಲಿಯಾದರೆ ಅಧ್ಯಕ್ಷರು ಒಬ್ಬರ ಹೆಸರು ಸೂಚಿಸಬೇಕು, ಎರಡೂ ಸದನಗಳ ಬಹುಮತ ಬೇಕು. ಮೂರನೆಯದು ಗಾರ್‌ಫೀಲ್ಡ್ ಕಾಲದ ಭಯಕ್ಕೆ ಪರಿಹಾರ. ಅಧ್ಯಕ್ಷರು ಒಂದು ಪತ್ರ ಬರೆದು ಅಧಿಕಾರ ಒಪ್ಪಿಸಬಹುದು, ಇನ್ನೊಂದು ಪತ್ರ ಬರೆದು ವಾಪಸ್ ಪಡೆಯಬಹುದು. ನಡುವೆ ಉಪಾಧ್ಯಕ್ಷರು ಹಂಗಾಮಿ ಮಾತ್ರ.

ನಾಲ್ಕನೆಯದು ವಿಲ್ಸನ್ ಅಂಥವರಿಗೆ. ಅಧ್ಯಕ್ಷರಿಗೆ ಪತ್ರ ಬರೆಯಲೂ ಆಗದಿದ್ದರೆ, ಅಥವಾ ಬರೆಯಲು ಒಪ್ಪದಿದ್ದರೆ, ಉಪಾಧ್ಯಕ್ಷರು ಮತ್ತು ಸಂಪುಟದ ಬಹುಮತ ಸೇರಿ ಅವರು ಅಸಮರ್ಥರು ಅಂತ ಸಂಸತ್ತಿಗೆ ತಿಳಿಸಬಹುದು. ಆ ಗಳಿಗೆಯಿಂದ ಉಪಾಧ್ಯಕ್ಷರು ಕೆಲಸ ವಹಿಸಿಕೊಳ್ಳುತ್ತಾರೆ. ಅಧ್ಯಕ್ಷರು ತಾನು ಚೆನ್ನಾಗಿದ್ದೇನೆ ಅಂತ ಬರೆದರೆ, ಅವರ ವಿರುದ್ಧ ಮತ್ತೆ ತಕರಾರು ಎತ್ತಲು ನಾಲ್ಕು ದಿನ ಸಮಯ. ತಕರಾರು ಬಂದರೆ ಸಂಸತ್ತು 21 ದಿನದೊಳಗೆ ತೀರ್ಮಾನಿಸಬೇಕು. ಎರಡೂ ಸದನಗಳಲ್ಲಿ ಮೂರನೇ ಎರಡರಷ್ಟು ಮತ ಬೀಳದಿದ್ದರೆ ಅಧಿಕಾರ ಅಧ್ಯಕ್ಷರಿಗೇ ವಾಪಸ್. ಅಧ್ಯಕ್ಷರನ್ನು ಮಹಾಭಿಯೋಗದಿಂದ ತೆಗೆಯುವುದಕ್ಕಿಂತ ಇದು ಕಷ್ಟ, ಯಾಕಂದ್ರೆ ಅಲ್ಲಿ ಜನಪ್ರತಿನಿಧಿ ಸಭೆಯಲ್ಲಿ ಸಾದಾ ಬಹುಮತ ಸಾಕು. ಕಷ್ಟವಾಗಿಟ್ಟಿದ್ದು ಬೇಕೆಂದೇ. ಸಂಪುಟದವರು ಒಳಸಂಚು ಮಾಡಿ ಅಧ್ಯಕ್ಷರನ್ನು ಉರುಳಿಸಬಾರದಲ್ವಾ?

ತಿದ್ದುಪಡಿ ಬಂದು ಏಳು ವರ್ಷಕ್ಕೇ ಜೆರಾಲ್ಡ್ ಫೋರ್ಡ್ ಅವರ ಸರದಿ ಬಂತು. ಅವರು ಮಿಷಿಗನ್ನಿನ ಸಂಸದ, ಕಾಲೇಜಿನಲ್ಲಿ ಹೆಸರು ಮಾಡಿದ ಅಮೆರಿಕನ್ ಫುಟ್‌ಬಾಲ್ ಆಟಗಾರ. 1973ರ ಅಕ್ಟೋಬರ್ 10ರಂದು ಉಪಾಧ್ಯಕ್ಷ ಸ್ಪಿರೊ ಆಗ್ನ್ಯೂ ತೆರಿಗೆ ವಂಚನೆ ಪ್ರಕರಣದಲ್ಲಿ ಸಿಕ್ಕಿ ರಾಜೀನಾಮೆ ಕೊಟ್ಟರು. ಅಧ್ಯಕ್ಷ ನಿಕ್ಸನ್ ತಿದ್ದುಪಡಿಯ ಎರಡನೇ ಭಾಗ ಬಳಸಿ ಫೋರ್ಡ್ ಹೆಸರು ಸೂಚಿಸಿದರು. ಡಿಸೆಂಬರ್ 6ರಂದು ಫೋರ್ಡ್ ಉಪಾಧ್ಯಕ್ಷರಾದರು. 1974ರ ಆಗಸ್ಟ್ 9ರಂದು ವಾಟರ್‌ಗೇಟ್ ಹಗರಣದಿಂದ ನಿಕ್ಸನ್ ಒಂದೇ ವಾಕ್ಯದ ಪತ್ರ ಬರೆದು ಹೊರಟಾಗ, ಮೊದಲನೇ ಭಾಗದ ಪ್ರಕಾರ ಅಧ್ಯಕ್ಷರಾದರು. ಅಧ್ಯಕ್ಷ ಸ್ಥಾನಕ್ಕಾಗಲಿ ಉಪಾಧ್ಯಕ್ಷ ಸ್ಥಾನಕ್ಕಾಗಲಿ ದೇಶದ ಜನ ಅವರನ್ನು ಆರಿಸಿರಲಿಲ್ಲ. ಅಂಥವರು ಅಮೆರಿಕದ ಇತಿಹಾಸದಲ್ಲಿ ಅವರೊಬ್ಬರೇ. ಫೋರ್ಡ್ ಅದನ್ನು ಮರೆಮಾಚಲಿಲ್ಲ. ನಿಮ್ಮ ಮತದಿಂದ ನಾನು ಬಂದಿಲ್ಲ ಅನ್ನುವ ಅರಿವು ನನಗಿದೆ ಅಂತ ಮೊದಲ ದಿನವೇ ಜನರಿಗೆ ಹೇಳಿದರು. ಆ ಪ್ರಾಮಾಣಿಕತೆಯಿಂದಾಗಿ ಅವರ ಮೇಲೆ ನನಗೆ ಗೌರವ. ಅವರು ತಮ್ಮ ಉಪಾಧ್ಯಕ್ಷರಾಗಿ ನೆಲ್ಸನ್ ರಾಕ್‌ಫೆಲ್ಲರ್ ಅವರನ್ನು ಆರಿಸಿಕೊಂಡರು. ಹೀಗೆ ದೇಶದ ಮೇಲಿನ ಎರಡೂ ಸ್ಥಾನಗಳಲ್ಲಿ ಜನ ಆರಿಸದವರೇ ಕೂತ ಎರಡು ವರ್ಷ ಅದು.

ಮೂರನೇ ಭಾಗ ಈಗ ಸಲೀಸಾಗಿ ಬಳಕೆಯಾಗುತ್ತದೆ, ಅದೂ ಬಹುಪಾಲು ಕರುಳಿನ ಪರೀಕ್ಷೆಗೆ! ಅರಿವಳಿಕೆ ಕೊಟ್ಟಾಗ ಅಧ್ಯಕ್ಷರಿಗೆ ಎಚ್ಚರ ಇರುವುದಿಲ್ಲವಲ್ಲ. 1985ರಲ್ಲಿ ರೇಗನ್ ಕರುಳಿನ ಆಪರೇಷನ್‌ಗೆ ಹೋಗುವಾಗ ಉಪಾಧ್ಯಕ್ಷ ಜಾರ್ಜ್ ಬುಷ್‌ಗೆ ಕೆಲ ಗಂಟೆ ಅಧಿಕಾರ ಒಪ್ಪಿಸಿದರು. ಮುಂದೆ ಅಧ್ಯಕ್ಷರಾದ ಆ ಬುಷ್ ಅವರ ಮಗ ಬುಷ್ 2002 ಮತ್ತು 2007ರಲ್ಲಿ ಕರುಳಿನ ಪರೀಕ್ಷೆಯಾದ ಕೊಲೊನೊಸ್ಕೋಪಿಗೆ ಮುಂಚೆ ತಮ್ಮ ಉಪಾಧ್ಯಕ್ಷ ಡಿಕ್ ಚೇನಿಗೆ ಒಪ್ಪಿಸಿದರು. 2021ರ ನವೆಂಬರ್ 19ರಂದು ಬೈಡನ್ ಅದೇ ಪರೀಕ್ಷೆಗೆ ಹೋದಾಗ 85 ನಿಮಿಷ ಅಧ್ಯಕ್ಷರ ಅಧಿಕಾರ ಕಮಲಾ ಹ್ಯಾರಿಸ್ ಕೈಯಲ್ಲಿತ್ತು. ಆ ಅಧಿಕಾರ ಪಡೆದ ಮೊದಲ ಮಹಿಳೆ ಅವರು, ತಮಿಳುನಾಡು ಮೂಲದ ತಾಯಿಯ ಮಗಳು.

ನಾಲ್ಕನೇ ಭಾಗವನ್ನು ಇದುವರೆಗೆ ಒಮ್ಮೆಯೂ ಬಳಸಿಲ್ಲ. 1981ರಲ್ಲಿ ರೇಗನ್‌ಗೆ ಗುಂಡು ಬಿದ್ದಾಗ ಕಾಗದಗಳು ತಯಾರಾಗಿದ್ದವು, ಸಹಿ ಬೀಳಲಿಲ್ಲ. ಅದರಲ್ಲಿ ಒಂದು ಕೊರತೆಯೂ ಉಳಿದಿದೆ. ಶುರು ಮಾಡಲು ಉಪಾಧ್ಯಕ್ಷರ ಸಹಿ ಬೇಕೇ ಬೇಕು. ಆಗ್ನ್ಯೂ ಹೋದ ದಿನದಿಂದ ಫೋರ್ಡ್ ಬರುವವರೆಗೆ 57 ದಿನ ಆ ಜಾಗ ಖಾಲಿಯಿತ್ತು. ಆ ದಿನಗಳಲ್ಲಿ ನಿಕ್ಸನ್ ಪ್ರಜ್ಞೆ ತಪ್ಪಿ ಮಲಗಿದ್ದರೆ ಏನು ಮಾಡಬೇಕು ಅಂತ 25ನೇ ತಿದ್ದುಪಡಿಯಲ್ಲಿ ಬರೆದಿಲ್ಲ.